ಹೆಸರಿನ ವಿಗ್ರಹವಾಕ್ಯ

ಎಲ್ಲರಿಗೂ ನಮಸ್ಕಾರ.

ಕಳೆದ ಮಳೆಗಾಲದಲ್ಲಿ ನನ್ನ ತಂಗಿಯ ಮಗಳು ಮೊಬೈಲಿಗೆ ನಾಲ್ಕು ಹೆಸರು ಬರೆದು ಕಳಿಸಿದಳು. ಅವಳಿಗೆ ಆಗ ಏಳು ತಿಂಗಳು ತುಂಬಿತ್ತು. ಜೊನಾಥನ್, ನಥಾನಿಯೇಲ್, ಮ್ಯಾಥ್ಯೂ, ನೇಥನ್. ‘ದೊಡ್ಡಮ್ಮ, ಗಂಡು ಮಗುವಾದರೆ ಇದರಲ್ಲಿ ಯಾವುದನ್ನು ಇಡೋಣ? ನೀವೇ ಆರಿಸಿಕೊಡಿ’ ಎಂದು ಕೇಳಿದ್ದಳು. ಪಟ್ಟಿಯನ್ನು ಎರಡು ಸಲ ಓದಿ ಫೋನ್ ಮಾಡಿದೆ. ‘ಆರಿಸುವುದಕ್ಕೆ ಇದರಲ್ಲಿ ಏನಿದೆಯಮ್ಮ? ನಾಲ್ಕೂ ಒಂದೇ ಹೆಸರು’ ಎಂದೆ. ಅವಳು ನಂಬಲಿಲ್ಲ. ಆ ದಿನ ಅವಳಿಗೆ ಹೇಳಿದ್ದನ್ನೇ ಇವತ್ತು ಇನ್ನಷ್ಟು ಬಿಡಿಸಿ ನಿಮ್ಮ ಮುಂದೆ ಇಡುತ್ತೇನೆ.

ಮೂವತ್ತೊಂದು ವರ್ಷ ಪ್ರೌಢಶಾಲೆಯಲ್ಲಿ ಕನ್ನಡ ಪಾಠ ಮಾಡಿದವಳು ನಾನು. ಸಮಸ್ತಪದ ಕಂಡರೆ ಬಿಡಿಸದೆ ಇರಲಾರೆ. ‘ದೇವನಿಂದ ದತ್ತನಾದವನು ದೇವದತ್ತ’ ಎಂದು ಬಿಡಿಸಿ ಹೇಳುವುದಕ್ಕೆ ನಮ್ಮ ವ್ಯಾಕರಣದಲ್ಲಿ ವಿಗ್ರಹವಾಕ್ಯ ಎನ್ನುತ್ತೇವೆ. ಹೀಬ್ರೂ ಭಾಷೆಯಲ್ಲಿ ‘ನಾತನ್’ ಎಂದರೆ ಕೊಟ್ಟನು. ‘ಏಲ್’ ಎಂದರೆ ದೇವರು. ಯೆಹೋವ ಎಂಬ ದೇವನಾಮದ ಮೊಟಕು ರೂಪ ಪದದ ಕೊನೆಯಲ್ಲಿ ಬಂದರೆ ‘ಯಾಹು’ ಅಥವಾ ‘ಯಾ’, ಮೊದಲಲ್ಲಿ ಬಂದರೆ ‘ಯೆಹೋ’ ಅಥವಾ ‘ಯೋ’. ಈಗ ನೀವೇ ಬಿಡಿಸಿ ನೋಡಿ. ಯೋ-ನಾತಾನ: ಯೆಹೋವನು ಕೊಟ್ಟನು. ನತಾನ-ಯೇಲ: ದೇವರು ಕೊಟ್ಟನು. ಮ್ಯಾಥ್ಯೂ, ಅಂದರೆ ನಮ್ಮ ಮತ್ತಾಯ, ಮೂಲದಲ್ಲಿ ಮತ್ತಿತ್‌ಯಾಹು: ಯೆಹೋವನ ಕೊಡುಗೆ. ನೇಥನ್‌ನಲ್ಲಿ ಕರ್ತೃಪದವೂ ಹೋಗಿ ಕ್ರಿಯಾಪದವೊಂದೇ ಉಳಿದಿದೆ: ಕೊಟ್ಟನು. ಒಂದು ಮಾತು ಇಲ್ಲೇ ಹೇಳಿಬಿಡಬೇಕು. ಜೊನಾಥನ್ ಎಂಬಲ್ಲಿ ನಮ್ಮ ಕಿವಿಗೆ ಜಗನ್ನಾಥ, ಮಂಜುನಾಥರ ‘ನಾಥ’ ಕೇಳಿಸುತ್ತದೆ. ಒಡೆಯ ಎಂಬ ಅರ್ಥದ ಆ ಸಂಸ್ಕೃತ ಪದಕ್ಕೂ ಈ ಹೀಬ್ರೂ ಕ್ರಿಯಾಪದಕ್ಕೂ ಯಾವ ನಂಟೂ ಇಲ್ಲ. ನಂಟು ಇರುವುದು ‘ದತ್ತ’ದ ಜೊತೆ, ಅದೂ ಅರ್ಥದಲ್ಲಿ. ಗ್ರೀಕರ ಥಿಯೊಡೋರ್, ಸ್ಲಾವ್ ಜನರ ಬೊಗ್ದಾನ್, ಫ್ರೆಂಚರ ದ್ಯೂದೊನೆ, ಎಲ್ಲರೂ ದೇವದತ್ತರೇ. ಮಗು ಮಡಿಲಿಗೆ ಬಂದಾಗ ಇಷ್ಟು ಭಾಷೆಗಳ ಜನರಿಗೆ ಇದೇ ಮಾತು ಬಾಯಿಗೆ ಬಂದಿದೆ ಎನ್ನುವುದು ನನಗೆ ಬಹಳ ದೊಡ್ಡ ಸಂಗತಿಯಾಗಿ ಕಾಣುತ್ತದೆ.

ಆದರೆ ದೇವದತ್ತನಿಗೂ ನತಾನಯೇಲನಿಗೂ ಒಂದು ವ್ಯತ್ಯಾಸವಿದೆ. ದೇವದತ್ತ ಎನ್ನುವುದು ಮಗುವಿನ ವರ್ಣನೆ. ಕೊಡಲ್ಪಟ್ಟವನು ಇವನು ಎಂದು ಅದು ಹೇಳುತ್ತದೆ. ನತಾನಯೇಲ ಎನ್ನುವ ಹೆಸರಿನಲ್ಲಿ ಮಗುವಿನ ಪ್ರಸ್ತಾಪವೇ ಇಲ್ಲ. ಕರ್ತೃಪದ ಇದೆ, ಕ್ರಿಯಾಪದ ಇದೆ, ವಾಕ್ಯ ಮುಗಿದಿದೆ. ಈ ಹೆಸರುಗಳನ್ನು ನಾನು ಇಷ್ಟು ಹಚ್ಚಿಕೊಂಡಿರುವುದಕ್ಕೆ ಇದೇ ಕಾರಣ. ಇವು ಪೂರ್ಣ ವಾಕ್ಯಗಳು. ಯಾರೋ ಒಬ್ಬರು ಒಂದು ಗಳಿಗೆಯಲ್ಲಿ ಆಡಿದ ಮಾತು ಮಗುವಿನ ಮೈಗೆ ಅಂಟಿಕೊಂಡು ಉಳಿದಿದೆ.

ಕನ್ನಡ ಬೈಬಲಿನಲ್ಲಿ ಎಲೀಯ, ಯೆರೆಮೀಯ, ಯೆಶಾಯ ಎಂದು ಓದುತ್ತೇವಲ್ಲ, ಆ ಕೊನೆಯ ‘ಯ’ಕಾರದಲ್ಲಿ ಕರಗಿರುವುದು ‘ಯಾಹು’. ಎಲೀಯನ ಮೂಲ ರೂಪ ಎಲಿ-ಯಾಹು: ನನ್ನ ದೇವರು ಯೆಹೋವನೇ. ಯೋವೇಲ ಎಂಬ ಇನ್ನೊಬ್ಬ ಪ್ರವಾದಿಯಿದ್ದಾನೆ. ಅವನ ಹೆಸರು ಯೋ-ಏಲ್: ಯೆಹೋವನೇ ದೇವರು. ಅವೇ ಎರಡು ಪದಗಳು, ಹಿಂದುಮುಂದು. ಕರ್ಮೆಲ್ ಬೆಟ್ಟದ ಪ್ರಸಂಗ ನಿಮಗೆ ಗೊತ್ತಿದೆ. ಯಾರ ದೇವರು ಬಲಿಯ ಮೇಲೆ ಬೆಂಕಿ ಕಳಿಸುತ್ತಾನೋ ಅವನೇ ದೇವರು ಎಂಬ ಪಂದ್ಯ. ಒಂದು ಕಡೆ ಬಾಳ ಎಂಬ ದೇವತೆಯ 450 ಪ್ರವಾದಿಗಳು, ಇನ್ನೊಂದು ಕಡೆ ಎಲೀಯ ಒಬ್ಬನೇ. ಬೆಂಕಿ ಬಿದ್ದ ಮೇಲೆ ಜನರೆಲ್ಲ ಅಡ್ಡಬಿದ್ದು ‘ಯೆಹೋವನೇ ದೇವರು, ಯೆಹೋವನೇ ದೇವರು’ ಎಂದು ಕೂಗುತ್ತಾರೆ. ಅವರು ಕೂಗಿದ್ದು ಎದುರಿಗೆ ನಿಂತಿದ್ದ ಮನುಷ್ಯನ ಹೆಸರಿನ ವಿಗ್ರಹವಾಕ್ಯವನ್ನು. ಅನುವಾದದಲ್ಲಿ ಓದುವ ನಮಗೆ ಇದು ಕಾಣುವುದೇ ಇಲ್ಲ. ನಾನು ನಲವತ್ತು ದಾಟುವವರೆಗೆ ಈ ಅಧ್ಯಾಯವನ್ನು ಎಷ್ಟು ಸಲ ಓದಿದ್ದೆನೋ, ಒಮ್ಮೆಯೂ ಹೊಳೆದಿರಲಿಲ್ಲ.

ವಾಕ್ಯವೆಂದರೆ ಹೇಳಿಕೆಯೇ ಆಗಬೇಕೆಂದಿಲ್ಲ. ಮಿಕಾಯೇಲ ಒಂದು ಪ್ರಶ್ನೆ. ‘ಮಿ’ ಎಂದರೆ ಯಾರು, ‘ಕ’ ಎಂದರೆ ಹಾಗೆ, ಅಂತೆ, ‘ಏಲ್’ ದೇವರು. ದೇವರಂತೆ ಯಾರಿದ್ದಾರೆ? ಮೀಕ ಪ್ರವಾದಿಯ ಹೆಸರೂ ಇದೇ ಪ್ರಶ್ನೆಯ ಮೊಟಕು ರೂಪ. ಅವನ ಪುಸ್ತಕದ ಕೊನೆಯಲ್ಲಿ ‘ಅಪರಾಧವನ್ನು ಕ್ಷಮಿಸುವ ನಿನ್ನಂಥ ದೇವರು ಯಾರು’ ಎಂಬ ಮಾತು ಬರುತ್ತದೆ. ಪ್ರವಾದಿ ತನ್ನ ಹೆಸರನ್ನೇ ಬಿಡಿಸಿ ಪ್ರಾರ್ಥನೆ ಮಾಡಿದ್ದಾನೆ. ಅಮೆರಿಕದಲ್ಲಿ 1954ರಿಂದ 1998ರವರೆಗೆ, 1960 ಒಂದು ವರ್ಷ ಬಿಟ್ಟು, ಗಂಡು ಮಕ್ಕಳಿಗೆ ಅತಿ ಹೆಚ್ಚಾಗಿ ಇಟ್ಟ ಹೆಸರು ಮೈಕೆಲ್. ಮನೆಮನೆಯಲ್ಲೂ ತಾಯಂದಿರು ಊಟಕ್ಕೆ ಕರೆಯುವಾಗ ಆ ಹಳೆಯ ಪ್ರಶ್ನೆಯನ್ನೇ ಕೂಗಿದ್ದಾರೆ.

ಇನ್ನು ಅಬ್ರಹಾಮನ ಮನೆಯ ದಾಸಿ ಹಾಗರಳ ಮಗನ ವಿಷಯ. ಒಡತಿಯ ಕಾಟ ತಾಳಲಾರದೆ ಬಸುರಿ ದಾಸಿ ಮರುಭೂಮಿಗೆ ಓಡಿಹೋಗುತ್ತಾಳೆ. ನೀರಿನ ಬುಗ್ಗೆಯ ಬಳಿ ದೂತನು ಅವಳಿಗೆ, ಹುಟ್ಟುವ ಮಗನಿಗೆ ಇಷ್ಮಾಯೇಲ್ ಎಂದು ಹೆಸರಿಡು ಎನ್ನುತ್ತಾನೆ: ದೇವರು ಕೇಳಿಸಿಕೊಳ್ಳುತ್ತಾನೆ. ಐದು ಅಧ್ಯಾಯ ಕಳೆದ ಮೇಲೆ ತಾಯಿ ಮಗ ಇಬ್ಬರನ್ನೂ ಮನೆಯಿಂದ ಹೊರಗೆ ಹಾಕುತ್ತಾರೆ. ಚರ್ಮದ ಚೀಲದಲ್ಲಿದ್ದ ನೀರು ಮುಗಿಯುತ್ತದೆ. ಮಗುವನ್ನು ಪೊದೆಯ ಕೆಳಗೆ ಮಲಗಿಸಿ, ಅದು ಸಾಯುವುದನ್ನು ನೋಡಲಾರೆ ಎಂದು ಹಾಗರಳು ಬಾಣ ಹಾರುವಷ್ಟು ದೂರ ಹೋಗಿ ಕುಳಿತು ಅಳುತ್ತಾಳೆ. ಆ ಇಡೀ ಅಧ್ಯಾಯದಲ್ಲಿ ಹುಡುಗನ ಹೆಸರು ಒಮ್ಮೆಯೂ ಬರುವುದಿಲ್ಲ. ‘ದಾಸಿಯ ಮಗ’, ‘ಹುಡುಗ’ ಎಂದಷ್ಟೇ ಇದೆ. ಆಗ ಈ ವಾಕ್ಯ ಬರುತ್ತದೆ: ದೇವರು ಆ ಹುಡುಗನ ಧ್ವನಿಯನ್ನು ಕೇಳಿದನು. ಹೀಬ್ರೂವಿನಲ್ಲಿ ಓದಿದರೆ ಅದೇ ಧಾತು, ಅದೇ ಕರ್ತೃ. ಯಾರೂ ಕರೆಯದೆ ಬಿಟ್ಟ ಹೆಸರು ಅಲ್ಲಿ ನಡೆದುಹೋಗುತ್ತದೆ. ಈ ಜಾಗಕ್ಕೆ ಬಂದಾಗ ನನಗೆ ಇವತ್ತಿಗೂ ಗಂಟಲು ಕಟ್ಟುತ್ತದೆ. ಇಸ್ಮಾಯಿಲ್ ಎಂಬ ರೂಪದಲ್ಲಿ ಈ ಹೆಸರು ನಮ್ಮ ಮುಸ್ಲಿಂ ಮನೆಗಳಲ್ಲಿ ತಲೆಮಾರುಗಳಿಂದ ಇದೆ. 1926ರಿಂದ 1941ರವರೆಗೆ ಮೈಸೂರಿನ ದಿವಾನರಾಗಿದ್ದ ಸರ್ ಮಿರ್ಜಾ ಇಸ್ಮಾಯಿಲ್ ಅವರ ಹೆಸರನ್ನು ನಮ್ಮ ಹಿರಿಯರು ದಿನವೂ ಹೇಳುತ್ತಿದ್ದರು. ದೇವರು ಕೇಳಿಸಿಕೊಳ್ಳುತ್ತಾನೆ ಎಂದೇ ಅವರೆಲ್ಲ ಹೇಳುತ್ತಿದ್ದುದು.

ದೇವರ ಹೆಸರು ಸೇರದ ಸಮಾಸಗಳೂ ಇವೆ. ಬೆತ್ಲೆಹೇಮಿನ ದಾರಿಯಲ್ಲಿ ರಾಹೇಲಳಿಗೆ ಹೆರಿಗೆ ಕಷ್ಟವಾಯಿತು. ಸೂಲಗಿತ್ತಿ ‘ಹೆದರಬೇಡ, ಇದೂ ಗಂಡೇ’ ಎಂದಳು. ಪ್ರಾಣ ಹೋಗುತ್ತಿರುವಾಗ ತಾಯಿ ಮಗುವಿಗೆ ಬೆನೋನಿ ಎಂದು ಹೆಸರಿಟ್ಟಳು: ನನ್ನ ಸಂಕಟದ ಮಗ. ತಂದೆ ಯಾಕೋಬನು ‘ಬೆನ್’ ಎಂಬ ಮೊದಲ ಭಾಗವನ್ನು ಉಳಿಸಿಕೊಂಡು ಎರಡನೆಯದನ್ನು ಮಾತ್ರ ಬದಲಿಸಿದನು: ಬೆನ್-ಯಾಮೀನ, ಬಲಗೈಯ ಮಗ. ಹೆಂಡತಿ ಇಟ್ಟ ಹೆಸರನ್ನು ಅಳಿಸಿಹಾಕಲು ಅವನಿಗೆ ಮನಸ್ಸು ಬರಲಿಲ್ಲ, ಜೀವನವಿಡೀ ಮಗುವಿನ ತಲೆಯ ಮೇಲೆ ಆ ಸಂಕಟವನ್ನು ಹೊರಿಸಲೂ ಮನಸ್ಸು ಬರಲಿಲ್ಲ ಎಂದು ನಾನು ಓದಿಕೊಳ್ಳುತ್ತೇನೆ. ಹೀಬ್ರೂವಿನ ‘ಯಾಮೀನ್’ ಎಂದರೆ ಬಲಗಡೆ, ದಕ್ಷಿಣ ದಿಕ್ಕೂ ಹೌದು. ಸಂಸ್ಕೃತದ ‘ದಕ್ಷಿಣ’ಕ್ಕೂ ಇವೇ ಎರಡು ಅರ್ಥ. ಮೂಡಣಕ್ಕೆ ಮುಖ ಮಾಡಿ ನಿಂತವನಿಗೆ ತೆಂಕಣ ಬಲಗೈಗೆ ಬೀಳುತ್ತದೆ, ಅಷ್ಟೇ. ನಮ್ಮ ಕನ್ನಡದಲ್ಲಿ ‘ಬಲ’ ಎಂದರೆ ಶಕ್ತಿಯೂ ಆಗುತ್ತದೆ. ಬೆನ್ಯಾಮೀನನನ್ನು ಕನ್ನಡದಲ್ಲಿ ಬಿಡಿಸುವಾಗ ಮೂಲಕ್ಕಿಂತ ಒಂದು ಹಿಡಿ ಹೆಚ್ಚೇ ಸಿಗುತ್ತದೆ.

ಇವೆಲ್ಲ ಕಥೆಗೆ ಒಪ್ಪುವಂತೆ ಹೊಂದಿಸಿದ ಹೆಸರುಗಳಿರಬಹುದೇ, ಊರಿನ ಸಾಮಾನ್ಯ ಜನ ನಿಜವಾಗಿ ಇಂಥ ಹೆಸರು ಇಟ್ಟುಕೊಳ್ಳುತ್ತಿದ್ದರೇ ಎಂದು ನೀವು ಕೇಳಬಹುದು. 1935ರಲ್ಲಿ ಯೆಹೂದ ನಾಡಿನ ಲಾಕೀಷ್ ಕೋಟೆಯ ಉತ್ಖನನದಲ್ಲಿ, ಸುಟ್ಟ ಮಣ್ಣಿನ ನಡುವೆ, ಮಸಿಯಲ್ಲಿ ಬರೆದ ಮಡಕೆ ಚೂರುಗಳು ಸಿಕ್ಕವು. ಬ್ರಿಟಿಷ್ ಪುರಾತತ್ವಜ್ಞ ಜೇಮ್ಸ್ ಸ್ಟಾರ್ಕಿ ಅವರ ತಂಡ ಅವುಗಳನ್ನು ಹೊರತೆಗೆಯಿತು. ಬಾಬೆಲಿನ (ಬ್ಯಾಬಿಲೋನಿನ) ಅರಸ ನೆಬುಕದ್ನೆಚ್ಚರನ ಸೈನ್ಯ ಆ ನಾಡನ್ನು ನೆಲಸಮ ಮಾಡುವ ಸ್ವಲ್ಪ ಮುಂಚಿನ ಬರಹಗಳವು. ಒಂದು ಚೂರಿನಲ್ಲಿ ಇರುವುದು ಬರೀ ಹೆಸರು: ಇಂಥವನ ಮಗ ಇಂಥವನು ಎಂದು ಐದು ಸಾಲು, ಹತ್ತು ಹೆಸರು. ಅದರಲ್ಲಿ ಎಂಟು ‘ಯಾಹು’ವಿನಿಂದ ಮುಗಿಯುತ್ತವೆ. ಗೆಮರ್‌ಯಾಹು, ಯಿರ್ಮೆಯಾಹು, ನೇರಿಯಾಹು. ಮತ್ತನ್‌ಯಾಹು ಎಂಬ ದೇವದತ್ತನೂ ಒಬ್ಬ ಇದ್ದಾನೆ. ಉಳಿದ ಎರಡರಲ್ಲಿ ಒಂದು ಹಾಗಾಬ್, ಹಾಗೆಂದರೆ ಮಿಡತೆ. ಆ ಮಿಡತೆಯ ಅಪ್ಪನ ಹೆಸರೂ ‘ಯಾಹು’ವಿನದೇ. ಮುತ್ತಿಗೆಯ ದಿನಗಳಲ್ಲಿ ಯಾರೋ ಒಬ್ಬ ಗುಮಾಸ್ತ ಆತುರದಲ್ಲಿ ಗೀಚಿದ ಪಟ್ಟಿ ಅದು. ಶಾಲೆಯ ಹಾಜರಿ ಪುಸ್ತಕ ಬರೆದ ನನ್ನ ಕೈಗೆ ಆ ಚೂರಿನ ನೆನಪಾದಾಗಲೆಲ್ಲ ಏನೋ ಆಗುತ್ತದೆ.

ಗೆದ್ದವರಿಗೂ ಹೆಸರಿನ ಬೆಲೆ ತಿಳಿದಿತ್ತು. ಐಗುಪ್ತದ, ಅಂದರೆ ಈಜಿಪ್ಟಿನ, ಫರೋಹ ನೆಕೋ ಯೆಹೂದದ ಎಲ್ಯಾಕೀಮನನ್ನು ಪಟ್ಟಕ್ಕೆ ಕೂರಿಸಿ ಅವನ ಹೆಸರನ್ನು ಯೆಹೋಯಾಕೀಮ ಎಂದು ಬದಲಿಸಿದ. ‘ಸ್ಥಾಪಿಸುತ್ತಾನೆ’ ಎಂಬ ಕ್ರಿಯಾಪದ ಹಾಗೆಯೇ ಉಳಿಯಿತು, ಏಲ್ ಇದ್ದಲ್ಲಿ ಯೆಹೋ ಬಂತು. ಅರ್ಥದಲ್ಲಿ ಕೂದಲೆಳೆಯಷ್ಟೂ ಅಂತರವಿಲ್ಲ. ಹೆಸರಿಡುವ ಅಧಿಕಾರ ತನ್ನದು ಎಂದು ತೋರಿಸಬೇಕಿತ್ತು, ತೋರಿಸಿದ. ಬಾಬೆಲಿನ ಅರಮನೆಯಲ್ಲಿ ಮಾತ್ರ ದಾನಿಯೇಲ, ಹನನ್ಯ, ಮೀಶಾಯೇಲ, ಅಜರ್ಯ ಎಂಬ ನಾಲ್ವರು ಹುಡುಗರ ಹೆಸರಿನಿಂದ ಏಲ್, ಯಾ ಎರಡನ್ನೂ ಕಿತ್ತುಹಾಕಿದರು. ಅಜರ್ಯ, ಅಂದರೆ ‘ಯೆಹೋವನು ಸಹಾಯ ಮಾಡಿದನು’, ಅಬೇದ್‌ನೆಗೋ ಆದ: ಬಾಬೆಲಿನ ನೆಬೋ ದೇವತೆಯ ದಾಸ.

ಈಗ ಜೋಡಿ ಹೆಸರುಗಳ ಮಾತು. ಹೊಸ ಒಡಂಬಡಿಕೆಯಲ್ಲಿ ಮಾರ್ಕನೆನಿಸಿಕೊಳ್ಳುವ ಯೋಹಾನ ಬರುತ್ತಾನೆ. ಮನೆಗೊಂದು ಹೀಬ್ರೂ ಹೆಸರು, ರೋಮನ್ ಪೇಟೆಗೊಂದು ಲ್ಯಾಟಿನ್ ಹೆಸರು. ಆಮೇಲೆ ಫ್ರೆಂಚರಲ್ಲಿ ಜ್ಯಾಂ-ಬತೀಸ್ತ್, ಸ್ಪೇನಿನವರಲ್ಲಿ ಹೋಸೆ ಮರಿಯಾ ಎಂದೆಲ್ಲ ಬೆಳೆಯಿತು. 1978ರ ಆಗಸ್ಟಿನಲ್ಲಿ ಆಯ್ಕೆಯಾದ ಪೋಪ್ ತಮಗಿಂತ ಮುಂಚಿನ ಇಬ್ಬರಾದ 23ನೇ ಜಾನ್ ಮತ್ತು 6ನೇ ಪಾಲ್ ಅವರ ನೆನಪಿಗೆ ಜಾನ್ ಪಾಲ್ ಎಂದು ಇಟ್ಟುಕೊಂಡರು. ಪೋಪ್‌ಗಳಲ್ಲಿ ಅದೇ ಮೊದಲ ಜೋಡಿ ಹೆಸರು. ಋಣವೊಂದನ್ನು ನೆನೆದು ಹೀಗೆ ಎರಡನ್ನು ಪೋಣಿಸಿದರೆ ನನಗೆ ಸಂತೋಷವೇ. ಕಿವಿಗೆ ಇಂಪಾಗಿದೆ ಎಂಬ ಒಂದೇ ಕಾರಣಕ್ಕೆ ಎರಡು ಪೂರ್ಣ ವಾಕ್ಯಗಳನ್ನು ಒಂದೇ ಕೂಸಿನ ಮೇಲೆ ಹೇರುವುದು ನನಗೆ ಹಿಡಿಸುವುದಿಲ್ಲ.

ಯೋಹಾನ ಎಂಬುದಂತೂ ಎಷ್ಟು ಸವೆದಿದೆಯೆಂದರೆ ಜಾನ್, ಹುವಾನ್, ಇವಾನ್, ಹಾನ್ಸ್‌ಗಳಲ್ಲಿ ಸಮಾಸದ ಗುರುತೇ ಸಿಗುವುದಿಲ್ಲ. ಮೂಲ ಯೋ-ಹಾನಾನ್: ಯೆಹೋವನು ಕೃಪೆ ತೋರಿದನು. ಬಾಬೆಲಿನ ಹನನ್ಯನದೂ ಇದೇ ಹೆಸರು, ತಿರುವುಮುರುವು. ಸ್ನಾನಿಕನಾದ ಯೋಹಾನನು ಹುಟ್ಟಿದಾಗ ಬಂಧುಗಳು ‘ನಿಮ್ಮ ಕುಲದಲ್ಲಿ ಈ ಹೆಸರಿನವರು ಯಾರೂ ಇಲ್ಲವಲ್ಲ’ ಎಂದು ಆಕ್ಷೇಪಿಸಿದರು. ಮಾತು ನಿಂತುಹೋಗಿದ್ದ ತಂದೆ ಹಲಗೆ ತರಿಸಿ ಅದರ ಮೇಲೆ ಬರೆದು ತೋರಿಸಬೇಕಾಯಿತು. ತಮಿಳು ಕಥೋಲಿಕರು ಈ ಹೆಸರನ್ನು ಅರುಳಪ್ಪರ್ ಎಂದು ತಂದುಕೊಂಡರು. ಅರುಳ್ ಎಂದರೆ ಕೃಪೆ. ಅವರಿಂದ ಅದು ಬೆಂಗಳೂರಿನ ಸುತ್ತಮುತ್ತಲ ನಮ್ಮ ಕ್ರೈಸ್ತ ಮನೆಗಳಿಗೂ ಬಂತು. ಪೌಲನು ಚಿನ್ನಪ್ಪನಾದ, ಲ್ಯಾಟಿನ್ನಿನ ‘ಪೌಲುಸ್’ ಎಂದರೂ ಚಿಕ್ಕವನೆಂದೇ ಅರ್ಥ. ನಮ್ಮ ಅರುಳಪ್ಪ ಚಿನ್ನಪ್ಪಂದಿರನ್ನು ಹಳ್ಳಿಯ ಹೆಸರೆಂದು ಮಕ್ಕಳು ಮರೆಮಾಚುವುದನ್ನು ಕಂಡಾಗ ನನಗೆ ಸಂಕಟವಾಗುತ್ತದೆ. ಜಾನ್ ಎಂಬಲ್ಲಿ ಕಳೆದುಹೋದ ಅರ್ಥ ಅರುಳಪ್ಪ ಎಂಬಲ್ಲಿ ಇನ್ನೂ ಉಸಿರಾಡುತ್ತಿದೆ.

ಕೊನೆಗೆ ಹನ್ನಳ ಬಳಿಗೆ ಬರುತ್ತೇನೆ. ವರ್ಷಗಟ್ಟಲೆ ಮಕ್ಕಳಿಲ್ಲದೆ ಅತ್ತ ಅವಳು, ಯೆಹೋವನನ್ನು ಬೇಡಿ ಪಡೆದೆನೆಂದು ಮಗನಿಗೆ ಸಮುವೇಲ ಎಂದು ಹೆಸರಿಟ್ಟಳು. ಪಂಡಿತರ ತಕರಾರು ಹಳೆಯದು: ‘ಬೇಡಿ ಪಡೆದವನು’ ಎಂಬ ಅರ್ಥ ಹೊಂದುವುದು ಇಸ್ರಾಯೇಲಿನ ಮೊದಲ ಅರಸ ಸೌಲನ ಹೆಸರಿಗೆ, ಸಮುವೇಲ ಎಂಬಲ್ಲಿ ಇರುವುದು ‘ಹೆಸರು’ ಎಂಬ ಪದ ಮತ್ತು ಏಲ್. ವ್ಯಾಕರಣದ ಪ್ರಕಾರ ಅವರು ಹೇಳುವುದು ಸರಿ. ಆದರೂ ಹೆತ್ತವಳು ಯಾವ ಅರ್ಥದಲ್ಲಿ ಕರೆದಳೋ ಅದೇ ಆ ಮಗುವಿನ ಅರ್ಥ ಎಂದು, ವ್ಯಾಕರಣ ಕಲಿಸಿದ ನಾನೇ ಹೇಳುತ್ತೇನೆ.

ನನ್ನ ತಂಗಿಯ ಮಗಳು ಮದುವೆಯಾಗಿ ಒಂಬತ್ತು ವರ್ಷ ಕಾದಿದ್ದಳು. ಫೋನಿನಲ್ಲಿ ನಾನು ‘ನಾತನ್ ಎಂದರೆ ಕೊಟ್ಟನು’ ಎಂದಾಗ ಆ ಕಡೆಯಿಂದ ಬಹಳ ಹೊತ್ತು ಮಾತೇ ಬರಲಿಲ್ಲ. ಆಮೇಲೆ ‘ಹಾಗಿದ್ದರೆ ಯಾರು ಕೊಟ್ಟರು ಎನ್ನುವುದೂ ಹೆಸರಿನಲ್ಲಿ ಇರಲಿ ದೊಡ್ಡಮ್ಮ’ ಎಂದಳು. ಮಗ ಹುಟ್ಟಿದ. ದೀಕ್ಷಾಸ್ನಾನದ ದಿನ ಸಭಾಪಾಲಕರು ‘ಮಗುವಿನ ಹೆಸರು ಹೇಳಿ’ ಎಂದಾಗ ಅವಳು ನತಾನಯೇಲ ಎಂದು ಕನ್ನಡ ಬೈಬಲಿನಲ್ಲಿ ಇರುವಂತೆಯೇ ಹೇಳಿದಳು. ಅವಳ ಅತ್ತೆಯವರಿಗೆ ಆ ಹೆಸರು ನಾಲಿಗೆಗೆ ಹೊರಳುವುದಿಲ್ಲ. ಅರ್ಥ ಏನೆಂದು ಕೇಳಿ ತಿಳಿದುಕೊಂಡರು. ಈಗ ತೊಟ್ಟಿಲು ತೂಗುವಾಗ ಅವರು ಮೊಮ್ಮಗನನ್ನು ದತ್ತ ಎಂದು ಕರೆಯುತ್ತಾರೆ.