ನಾರದ, ಮೀರಾ ಮತ್ತು ಎಂ.ಎಸ್.

ಎಂ.ಎಸ್. ಸುಬ್ಬುಲಕ್ಷ್ಮಿ ಅಂದರೆ ನಮಗೆ ಬೆಳಗಿನ ಸುಪ್ರಭಾತ. ಅವರು ಬಣ್ಣ ಹಚ್ಚಿದ್ದನ್ನು ಸಂಗೀತದವರು ಒಂದು ಸಾಲಿನಲ್ಲಿ ಹೇಳಿ ಮುಂದೆ ಹೋಗುತ್ತಾರೆ. ಅದು ಸರಿಯಲ್ಲ ಎಂಬುದೇ ನನ್ನ ತಕರಾರು.

ಲೆಕ್ಕ ಸಣ್ಣದು, ತಮಿಳಿನ ನಾಲ್ಕು ಚಿತ್ರ. 1938ರಲ್ಲಿ ಕೆ. ಸುಬ್ರಹ್ಮಣ್ಯಂ ನಿರ್ದೇಶನದ ‘ಸೇವಾಸದನಂ’, 1940ರಲ್ಲಿ ‘ಶಕುಂತಲೈ’, 1941ರಲ್ಲಿ ‘ಸಾವಿತ್ರಿ’, 1945ರಲ್ಲಿ ‘ಮೀರಾ’. ಅದೇ ‘ಮೀರಾ’ 1947ರಲ್ಲಿ ಹಿಂದಿಯಲ್ಲೂ ಬಂತು. ಆಮೇಲೆ ಅವರು ನಟಿಸಲಿಲ್ಲ.

‘ಶಕುಂತಲೈ’ಗೆ ದುಷ್ಯಂತನಾದವರು ಸಾಕ್ಷಾತ್ ಗಾಯಕ ಜಿ.ಎನ್. ಬಾಲಸುಬ್ರಹ್ಮಣ್ಯಂ. ಕಛೇರಿಯ ಎರಡು ಘನ ಕಂಠಗಳು ಪ್ರೇಮಿಗಳಾಗಿ ನಿಂತಿದ್ದವು. ‘ಸಾವಿತ್ರಿ’ಯಲ್ಲಿ ನಾಯಕಿ ಶಾಂತಾ ಆಪ್ಟೆ, ಎಂ.ಎಸ್. ಅವರದು ನಾರದನ ಗಂಡುಪಾತ್ರ. ನಿರ್ದೇಶಕ ವೈ.ವಿ. ರಾವ್, ಕನ್ನಡದ ಮೊದಲ ಮಾತಿನ ಚಿತ್ರ ‘ಸತಿ ಸುಲೋಚನ’ವನ್ನು ನಿರ್ದೇಶಿಸಿದ ಅದೇ ರಾವ್. ಈ ಪಾತ್ರದ ಸಂಭಾವನೆಯೇ ‘ಕಲ್ಕಿ’ ಎಂಬ ತಮಿಳು ಪತ್ರಿಕೆಗೆ ಬಂಡವಾಳವಾಯಿತು.

ಈಗ ಹಾಡಿನ ವಿಷಯ. ಟಾಕಿ ಶುರುವಾದ ಕಾಲದಲ್ಲಿ ನಟರು ಕ್ಯಾಮೆರಾ ಮುಂದೆಯೇ ಹಾಡಬೇಕಿತ್ತು. ಮೈಕು ಚೌಕಟ್ಟಿನ ಹೊರಗೆ, ತಲೆಯ ಮೇಲೆ. ಭಾವ ಬಂತೆಂದು ಮುಖ ಒಂದಿಷ್ಟು ತಿರುಗಿಸಿದರೆ ದನಿ ತೆಳುವಾಗುತ್ತಿತ್ತು. ಮೃದಂಗ ಒಂದೆಡೆ ತಪ್ಪಿದರೆ ಆ ಶಾಟು ಮೊದಲಿಂದ. ಹಾಡು ಮೊದಲೇ ಮುದ್ರಿಸಿಕೊಂಡು ತುಟಿ ಆಡಿಸುವ ಪದ್ಧತಿ ಬಂದಾಗ ಈ ಕಷ್ಟ ತಪ್ಪಿತು, ಇನ್ನೊಂದು ಹುಟ್ಟಿತು. ಕರ್ನಾಟಕ ಸಂಗೀತದವರಿಗೆ ಒಂದೇ ಆಲಾಪವನ್ನು ಎರಡು ಸಲ ಹಾಗೆಹಾಗೇ ಹಾಡಿ ಅಭ್ಯಾಸವಿಲ್ಲ. ಧ್ವನಿಪಥದಲ್ಲಿ ಒಂದು ಬಿರ್ಕಾ (ಸ್ವರಗಳ ವೇಗದ ಓಟ), ತುಟಿಯಲ್ಲಿ ಇನ್ನೊಂದು! ಹಾಗಾಗಿ ಆಲಾಪದ ಒಂದೊಂದು ಎಳೆಯನ್ನೂ ಕಂಠಪಾಠ ಮಾಡಲೇಬೇಕು. ಜೊತೆಗೆ ಸಮಯದ ಕತ್ತರಿ: ನಿಮಿಷಕ್ಕೆ 78 ಸುತ್ತು ತಿರುಗುವ ಹತ್ತಿಂಚಿನ ಗ್ರಾಮಫೋನ್ ತಟ್ಟೆಯ ಒಂದು ಮಗ್ಗುಲಿಗೆ ಮೂರು ನಿಮಿಷ, ಚೂರು ಹೆಚ್ಚು. ರಾಗದ ಮುಖ ಮೊದಲ ಸಾಲಿನಲ್ಲೇ ಕಾಣಿಸಬೇಕು, ಸಾಹಿತ್ಯ ಒಡೆಯದೆ ಕೇಳಬೇಕು. ಎಂ.ಎಸ್. ಅವರ ಕಿರುರಚನೆಗಳಲ್ಲಿ ಒಂದು ಸ್ವರವೂ ವ್ಯರ್ಥವಾಗದ ಬಿಗಿ ಈ ಶಿಸ್ತಿನದು ಎಂದೇ ನನ್ನ ಅಂದಾಜು.

‘ಮೀರಾ’ ನಿರ್ದೇಶಿಸಿದ ಎಲ್ಲಿಸ್ ಡಂಗನ್ ಅಮೆರಿಕದವರು, ತಮಿಳು ಬಾರದವರು. ಭಾಷೆಯ ಕೊರತೆಯನ್ನು ಅವರು ಬೆಳಕಿನಲ್ಲಿ ತುಂಬಿಕೊಂಡರು. ಎಂ.ಎಸ್. ಮುಖದ ಪ್ಲಾಸ್ಟರ್ ಪ್ರತಿಮೆ ಮಾಡಿಸಿ, ಯಾವ ಕೋನದಿಂದ ದೀಪ ಬಿದ್ದರೆ ಮೂಗಿನ ನೆರಳು ಎಲ್ಲಿ ಬೀಳುತ್ತದೆ, ಕಣ್ಣು ಹೇಗೆ ಕಾಣುತ್ತದೆ ಎಂದು ಪರೀಕ್ಷಿಸಿ ನೋಡಿದರು. ಹಾಡುವಾಗ ಅಭಿನಯವೆಂದು ಆಕೆ ಹೆಚ್ಚೇನೂ ಮಾಡುವುದಿಲ್ಲ, ಗಮನಿಸಿ. ನಟನೆಯಾಗಿ ಅದು ಸಾಧಾರಣವೇ. ಆದರೆ ಆ ಸ್ಥಿರ ಮುಖಕ್ಕೆ ಬೆಳಕು ಕೂಡಿದಾಗ ಭಕ್ತಿ ತಾನಾಗಿ ಕಾಣುತ್ತದೆ. ಎಸ್.ವಿ. ವೆಂಕಟರಾಮನ್ ಸಂಗೀತದ, ಲೇಖಕ ಕಲ್ಕಿ ಕೃಷ್ಣಮೂರ್ತಿ ಬರೆದ ‘ಕಾಟ್ರಿನಿಲೇ ವರುಂ ಗೀತಂ’ ಇವತ್ತಿಗೂ ಜನರ ಬಾಯಲ್ಲಿದೆ.

ಹಿಂದಿ ಅವತರಣಿಕೆಯಲ್ಲಿ ಸರೋಜಿನಿ ನಾಯ್ಡು ತೆರೆಯ ಮೇಲೆ ಬಂದು ಎಂ.ಎಸ್. ಅವರನ್ನು ಪರಿಚಯಿಸುತ್ತಾರೆ. ಕೃತಿ, ಪಲ್ಲವಿ ಎಂದರೆ ಏನೆಂದು ತಿಳಿಯದ ಉತ್ತರದ ಕೇಳುಗರನ್ನು ಮೀರಾ ಭಜನೆಗಳೇ ಹತ್ತಿರ ತಂದವು. ಕಛೇರಿಯ ಕೊನೆಯ ಭಾಗದಲ್ಲಿ ಆ ಭಜನೆಗಳು ಅವರ ಜೊತೆ ಕಡೆಯವರೆಗೂ ಉಳಿದವು.