ಕೊರೆದವನಿಗೆ ಸಿಕ್ಕ ಕಪ್ಪು ಕಲ್ಲು

ನಮಸ್ಕಾರ. ಮುಂಬೈ ಸುತ್ತಿನ ಮಾತುಂಗಾ, ಡೊಂಬಿವಿಲಿ, ನೆರೂಲ್ ಕಡೆ ಗ್ಯಾಸ್ ಮೇಲೆ ಚಹಾಕ್ಕಿಟ್ಟು ರೇಡಿಯೊ ಹಚ್ಚಿಕೊಂಡಿರುವ ನಮ್ಮ ಜನಕ್ಕೆಲ್ಲ ನಮಸ್ಕಾರ. ಗಣಿಯಿಂದ ಸ್ವಂತ ಕೈಲಿ ಶ್ರೀಮಂತನಾದ ಯಾರದಾದರೂ ಕತೆ ಹೇಳಿ, ಐದು ನಿಮಿಷ ಅಂದರು. ನಾನು ಭೂವಿಜ್ಞಾನಿ, ಮೂವತ್ತು ವರ್ಷ ಕಲ್ಲು ಕೊರೆಸಿದವನು. ನನಗೆ ಹೊಳೆದ ಹೆಸರು ಒಂದೇ, ಅಮೆರಿಕದಲ್ಲಿ ಯುರೇನಿಯಂ ಕಂಡ ಚಾರ್ಲಿ ಸ್ಟೀನ್.

ಊರಲ್ಲಿ ಹೊಲಕ್ಕೆ ಬೋರು ಹಾಕಿಸುವಾಗ ಏನು ಮಾಡುತ್ತೀರಿ? ಅಂಗೈ ಮೇಲೆ ತೆಂಗಿನಕಾಯಿ ಇಟ್ಟುಕೊಂಡು ಒಬ್ಬರು ಸುತ್ತು ಹಾಕುತ್ತಾರೆ, ಕಾಯಿ ಎದ್ದು ನಿಂತಲ್ಲಿ ನೀರು ಅಂತಾರೆ. 1950ರ ಹೊತ್ತಿಗೆ ಅಮೆರಿಕದ ಯುಟಾ ಸೀಮೆಯಲ್ಲಿ ಯುರೇನಿಯಂ ಹುಡುಕುವವರದೂ ಹೆಚ್ಚುಕಡಿಮೆ ಅದೇ ಪಾಡು. ಅಣುಬಾಂಬಿಗೆ ಬೇಕು ಅಂತ ಸರ್ಕಾರ ಒಳ್ಳೆ ದರ ಕೊಡುತ್ತಿತ್ತು, ಜನ ಗೈಗರ್ ಕೌಂಟರ್, ಅಂದರೆ ವಿಕಿರಣ ಪತ್ತೆ ಹಚ್ಚುವ ಯಂತ್ರ, ಹಿಡಿದು ಗುಡ್ಡ ಅಲೆದರು. ಅದು ತೆಂಗಿನಕಾಯಿಯ ಹಾಗೆ ಸುಳ್ಳು ಹೇಳಲ್ಲ, ಆದರೆ ನೆಲದ ಆಳದಲ್ಲಿರುವುದು ಅದಕ್ಕೆ ಕೇಳಿಸುವುದೂ ಇಲ್ಲ. ಆಳದ್ದು ಗೊತ್ತಾಗಬೇಕಾದರೆ ಕೊರೆಯಬೇಕು. ಇದೊಂದು ಮಾತು ನೆನಪಿಟ್ಟುಕೊಳ್ಳಿ, ಸಾಕು.

ಸ್ಟೀನ್ 1919ರಲ್ಲಿ ಟೆಕ್ಸಾಸ್‌ನಲ್ಲಿ ಹುಟ್ಟಿದವನು. ಭೂವಿಜ್ಞಾನ ಓದಿದ್ದ. ಮೇಲಿನವರಿಗೆ ಎದುರು ಮಾತಾಡಿ ತೈಲ ಕಂಪನಿಯ ಕೆಲಸ ಕಳೆದುಕೊಂಡಿದ್ದ. ಹೆಂಡತಿ, ನಾಲ್ಕು ಗಂಡುಮಕ್ಕಳು, ಯುಟಾದ ಸಿಸ್ಕೊ ಅನ್ನುವ ಪುಟ್ಟ ಊರಲ್ಲಿ ಟಾರು ಕಾಗದ ಹೊದಿಸಿದ ಗುಡಿಸಲು. ತಾಯಿ 1,000 ಡಾಲರ್ ಕೊಟ್ಟಿದ್ದಳು. ಗೈಗರ್ ಕೌಂಟರ್ ಕೊಳ್ಳಲು ದುಡ್ಡಿಲ್ಲ. ಆದರೆ ಅವನ ಲೆಕ್ಕವೇ ಬೇರೆ. ನೆಲದೊಳಗಿನ ಪದರಗಳು ಕವುಚಿಟ್ಟ ಬಾಣಲೆಯ ಹಾಗೆ ಬಾಗಿರುವ ಕಡೆ ತೈಲ ಹುಡುಕುತ್ತಾರಲ್ಲ, ಯುರೇನಿಯಂ ಕೂಡ ಹಾಗೇ ಯಾಕೆ ಸಿಗಬಾರದು ಅಂತ. ಬಲ್ಲವರೆಲ್ಲ ನಕ್ಕರು.

ಈಗ 1952ರ ಜುಲೈ. ಇದನ್ನು ನಿಧಾನವಾಗಿ ಹೇಳುತ್ತೇನೆ, ಸ್ಟುಡಿಯೊದವರು ಗಡಿಯಾರ ತೋರಿಸಿದರೆ ತೋರಿಸಲಿ. ಹಳೇ ಡ್ರಿಲ್ಲು. 73 ಅಡಿಗೆ ಬೂದುಗಪ್ಪು ಕಲ್ಲು ಬಂತು, 14 ಅಡಿ ದಪ್ಪ. ಇವನು ಕಾಯುತ್ತಿದ್ದದ್ದು ಹಳದಿ ಕಲ್ಲಿಗೆ, ಯಾಕಂದರೆ ಆ ಸೀಮೆಯಲ್ಲಿ ಯುರೇನಿಯಂ ಅಂದರೆ ಹಳದಿ ಕಾರ್ನೊಟೈಟ್. ಕಪ್ಪನ್ನು ಪಕ್ಕಕ್ಕಿಟ್ಟು ಇನ್ನೂ ಕೆಳಗೆ ಹೋದ. 197 ಅಡಿಗೆ ಡ್ರಿಲ್ಲು ಮುರಿದು ಒಳಗೇ ಉಳಿಯಿತು. ಕೈಯಲ್ಲಿ ಕಾಸಿಲ್ಲ. ಆ ಕಪ್ಪು ಚೂರುಗಳನ್ನು ಜೀಪಿಗೆ ಹಾಕಿಕೊಂಡು ಬರುವಾಗ ಸಿಸ್ಕೊದ ಪೆಟ್ರೋಲ್ ಬಂಕಿನಲ್ಲಿ ನಿಂತ. ಬಂಕಿನವನು ಗೈಗರ್ ಕೌಂಟರ್ ಹಿಡಿದು ತನ್ನ ಹಳದಿ ಕಲ್ಲು ನೋಡುತ್ತಿದ್ದ. ನನ್ನದನ್ನೂ ನೋಡೋಣ ಅಂದ ಸ್ಟೀನ್, ಸುಮ್ನೆ. ಮುಳ್ಳು ಆ ತುದಿಗೆ ಹೋಗಿ ಕೂತುಬಿಟ್ಟಿತು! ಕಾರ್ನೊಟೈಟ್ ಅಲ್ಲ, ಅದಕ್ಕಿಂತ ಎಷ್ಟೋ ಹೆಚ್ಚು ಯುರೇನಿಯಂ ತುಂಬಿದ ಸರಕು, ಯುರಾನಿನೈಟ್. ಮನೆ ಕಡೆ ಓಡಿದ ಓಟಕ್ಕೆ ಬಟ್ಟೆ ಒಣಹಾಕಿದ ಹಗ್ಗವೂ ಕಣ್ಣಿಗೆ ಬೀಳಲಿಲ್ಲವಂತೆ.

ಇಷ್ಟು ಹೇಳಿದ ಕೂಡಲೇ ಎಲ್ಲರೂ ಅದೃಷ್ಟ ಅಂತಾರೆ. ನನಗೆ ರೇಗುತ್ತದೆ. ಕೊರೆಯದೇ ಇದ್ದಿದ್ದರೆ ಅದೃಷ್ಟ ಎಲ್ಲಿಂದ ಬರುತ್ತಿತ್ತು ಸ್ವಾಮಿ? ಅಲ್ಲದೆ ಬೇಡದ ಕಲ್ಲು ಅಂತ ಎಸೆಯಲಿಲ್ಲ, ನೋಡಿ. ಡ್ರಿಲ್ಲಿನಿಂದ ಬಂದ ಕಲ್ಲನ್ನು ಪೆಟ್ಟಿಗೆಯಲ್ಲಿ ಸಾಲಾಗಿ ಜೋಡಿಸಲು ನಮ್ಮ ಹುಡುಗರು ಬೇಸರ ಮಾಡಿಕೊಂಡಾಗೆಲ್ಲ ಈ ಕತೆ ಹೇಳುತ್ತಿದ್ದೆ. ಅವರಿಗೆ ಬಾಯಿಪಾಠವೇ ಆಗಿತ್ತು ಪಾಪ.

ಆಮೇಲಿನದು ಬೇಗ ಹೇಳುತ್ತೇನೆ. ಗಣಿಗೆ ಮಿ ವಿಡಾ ಅಂತ ಹೆಸರಿಟ್ಟ, ಮೋವಾಬ್ ಊರಿನ ಗುಡ್ಡದ ಮೇಲೆ ದೊಡ್ಡ ಮನೆ ಕಟ್ಟಿದ, ಸವೆದ ಬೂಟುಗಳಿಗೆ ಕಂಚು ಹೊದಿಸಿ ಇಟ್ಟುಕೊಂಡ, ರುಂಬಾ ಡ್ಯಾನ್ಸ್ ಕಲಿಯಲು ವಿಮಾನದಲ್ಲಿ ಸಾಲ್ಟ್ ಲೇಕ್ ಸಿಟಿಗೆ ಹೋಗಿಬರುತ್ತಿದ್ದ, 1958ರಲ್ಲಿ ಯುಟಾ ರಾಜ್ಯದ ಮೇಲ್ಮನೆ ಸೆನೆಟ್‌ಗೆ ಆರಿಸಿ ಬಂದ. ಹತ್ತು ವರ್ಷಕ್ಕೆ, 1968ರಲ್ಲಿ, ದಿವಾಳಿ. ಅಷ್ಟಾದರೂ ಬಿಟ್ಟನೇ? 1971ರಲ್ಲಿ ಮತ್ತೆ ಡ್ರಿಲ್ಲಿನ ಹತ್ತಿರ ನಿಂತಿದ್ದಾಗ ತಲೆಗೆ ಜೋರು ಪೆಟ್ಟು ಬಿತ್ತು. ತೀರಿಕೊಂಡದ್ದು 2006ರ ಜನವರಿ 1ಕ್ಕೆ.

ಆಯಿತು, ಗಾಜಿನಾಚೆಯಿಂದ ಕೈ ಬೀಸುತ್ತಿದ್ದಾರೆ. ಮುಂದಿನ ಸಲ ಊರಲ್ಲಿ ಬೋರು ಹಾಕಿಸಿದರೆ ಮೇಲೆ ಬರುವ ಕಲ್ಲುಪುಡಿಯನ್ನು ಎಷ್ಟು ಅಡಿಯದು ಅಂತ ಬರೆದು ಒಂದೊಂದು ಚೀಲದಲ್ಲಿ ಎತ್ತಿಡಿ. ನಮಸ್ಕಾರ.