ಮಳೆಯಲ್ಲಿ ನಕ್ಕ ಇಬ್ಬರು

ಕೇಳುಗರಿಗೆ ನಮಸ್ಕಾರ.

ಮಳೆ. ನಿಂತ ನೀರಿನ ಮೇಲೆ ಹನಿ ಬಿದ್ದು ಬಳೆ ಬಳೆಯಾಗಿ ಅಲೆ. ‘ಬ್ಯಾಟ್‌ಮನ್: ದಿ ಕಿಲ್ಲಿಂಗ್ ಜೋಕ್’ ಎಂಬ ಚಿತ್ರಕಾದಂಬರಿ ಶುರುವಾಗುವುದು ಹೀಗೆ. ಬಂದದ್ದು 1988ರಲ್ಲಿ. ಪುಟ ಐವತ್ತೂ ಇಲ್ಲ. ಕತೆ ಇಂಗ್ಲೆಂಡಿನ ಅಲನ್ ಮೂರ್ ಅವರದು, ಚಿತ್ರ ಬ್ರಯಾನ್ ಬೊಲ್ಯಾಂಡ್ ಅವರದು.

ಬ್ಯಾಟ್‌ಮನ್ ಮುಖವಾಡ ತೊಟ್ಟು ದುಷ್ಟರನ್ನು ಹಿಡಿಯುವವನು. ಜೋಕರ್ 1940ರಿಂದಲೂ ಅವನ ಬೆನ್ನು ಬಿದ್ದ ಖಳ. ಈ ಜೋಕರ್ ಯಾಕೆ ಹೀಗಾದ? ಇಲ್ಲಿ ಒಂದು ಉತ್ತರವಿದೆ. ಇದ್ದ ಕೆಲಸ ಬಿಟ್ಟು ಜನರನ್ನು ನಗಿಸಲು ಹೊರಟ ಒಬ್ಬ ಬಡಪಾಯಿ. ಯಾರೂ ನಗಲಿಲ್ಲ. ಮನೆಯಲ್ಲಿ ಬಸುರಿ ಹೆಂಡತಿ. ಒಂದೇ ಒಂದು ರಾತ್ರಿ ಕಳ್ಳರ ಜತೆ ಹೋಗಲು ಒಪ್ಪಿದ. ಅದೇ ದಿನ ಹೆಂಡತಿ ಅವಘಡದಲ್ಲಿ ಹೋದಳು. ಕಳ್ಳರು ಮಾತ್ರ ಬಿಡಲಿಲ್ಲ. ಕಾರ್ಖಾನೆಯಲ್ಲಿ ಬ್ಯಾಟ್‌ಮನ್ ಎದುರಾದಾಗ ಹೆದರಿ ರಾಸಾಯನಿಕ ತುಂಬಿದ ನೀರಿಗೆ ಹಾರಿದ. ಮೇಲೆ ಬಂದಾಗ ಮುಖ ಸುಣ್ಣದ ಬಿಳಿ, ಕೂದಲು ಹಸಿರು.

2008ರಲ್ಲಿ ಬೊಲ್ಯಾಂಡ್ ತಾವೇ ಹೊಸದಾಗಿ ಬಣ್ಣ ಹಚ್ಚಿದಾಗ ಈ ಹಳೆಯ ನೆನಪುಗಳು ಕಪ್ಪು-ಬಿಳುಪಾದವು. ಅಲ್ಲಲ್ಲಿ ಒಂದೊಂದು ವಸ್ತು ಮಾತ್ರ ಕೆಂಪು. ನನಗೆ ಈ ಅಚ್ಚೇ ಜಾಸ್ತಿ ಇಷ್ಟ.

ಪಾಪ ಅನ್ನಿಸಿತು, ಅಲ್ವಾ? ತಾಳಿ. ತನ್ನ ಹಿಂದಿನ ಕತೆ ಒಮ್ಮೆ ಹೀಗೆ, ಇನ್ನೊಮ್ಮೆ ಹಾಗೆ ನೆನಪಾಗುತ್ತದೆ ಎಂದು ಅವನೇ ಹೇಳಿಬಿಡುತ್ತಾನೆ! ನಾವು ಕರಗಿದ್ದು ಸುಳ್ಳಿಗೂ ಇರಬಹುದು.

ಒಂದು ಕೆಟ್ಟ ದಿನ ಸಾಕು, ಯಾರು ಬೇಕಾದರೂ ಹುಚ್ಚರಾಗುತ್ತಾರೆ. ಇದು ಅವನ ವಾದ. ಅದನ್ನು ತೋರಿಸಲು ಪೊಲೀಸ್ ಕಮಿಷನರ್ ಗಾರ್ಡನ್ ಮನೆಯ ಬಾಗಿಲಲ್ಲೇ ಮಗಳು ಬಾರ್ಬರಾಗೆ ಗುಂಡು ಹೊಡೆಯುತ್ತಾನೆ. ಅಪ್ಪನನ್ನು ಎಳೆದೊಯ್ದು, ಪಾಳುಬಿದ್ದ ಮನರಂಜನಾ ಪಾರ್ಕಿನಲ್ಲಿ ಅವಳ ಫೋಟೋಗಳನ್ನೇ ತೋರಿಸುತ್ತಾನೆ. ಗಾರ್ಡನ್ ಮುರಿಯುವುದಿಲ್ಲ. ಬಿಡಿಸಲು ಬಂದ ಬ್ಯಾಟ್‌ಮನ್‌ಗೆ ‘ಕಾನೂನು ಬಿಟ್ಟು ಹೋಗಬೇಡ, ಹಾಗೇ ಹಿಡಿದು ತಾ’ ಅನ್ನುತ್ತಾನೆ. ನನ್ನ ಲೆಕ್ಕದಲ್ಲಿ ಕತೆಯ ನಾಯಕ ಈ ಮುದುಕನೇ.

ಆದರೆ ಬಾರ್ಬರಾ? ಗಂಡಸರ ಜಗಳಕ್ಕೆ ಅವಳ ಬೆನ್ನುಮೂಳೆ ಬಲಿ. ಅಷ್ಟೇ ಅವಳ ಪಾತ್ರ. ಇದು ನನಗೆ ಇವತ್ತಿಗೂ ಚುಚ್ಚುತ್ತದೆ. ಮರುವರ್ಷ ಕಿಮ್ ಯೇಲ್, ಜಾನ್ ಆಸ್ಟ್ರಾಂಡರ್ ಎಂಬ ಕತೆಗಾರ ದಂಪತಿ ಇನ್ನೊಂದು ಕಾಮಿಕ್ಸ್‌ನಲ್ಲಿ ಅವಳಿಗೆ ‘ಒರಾಕಲ್’ ಎಂಬ ಹೊಸ ರೂಪ ಕೊಟ್ಟರು. ಗಾಲಿಕುರ್ಚಿಯಲ್ಲಿ ಕೂತು, ಕಂಪ್ಯೂಟರಿನಿಂದ ವೀರರಿಗೇ ದಾರಿ ತೋರುವವಳು.

ಕೊನೆಗೆ ಬ್ಯಾಟ್‌ಮನ್ ಹೊಡೆಯುವುದಿಲ್ಲ. ‘ನಾನು ಸಹಾಯ ಮಾಡ್ತೀನಿ’ ಅನ್ನುತ್ತಾನೆ. ಜೋಕರ್ ಒಂದು ಕ್ಷಣ ಸುಮ್ಮನಾಗುತ್ತಾನೆ. ‘ಹೊತ್ತು ಮೀರಿತು’ ಅನ್ನುತ್ತಾನೆ. ಆಮೇಲೆ ಒಂದು ಜೋಕು ಹೇಳುತ್ತಾನೆ. ಇಬ್ಬರು ಹುಚ್ಚರು ಆಸ್ಪತ್ರೆಯಿಂದ ಪಾರಾಗುತ್ತಾರೆ. ಒಬ್ಬ ಪಕ್ಕದ ಮಾಳಿಗೆಗೆ ಹಾರಿದ. ಇನ್ನೊಬ್ಬನಿಗೆ ಹೆದರಿಕೆ. ‘ಟಾರ್ಚ್ ಬಿಡ್ತೀನಿ, ಬೆಳಕಿನ ಮೇಲೆ ನಡೆದು ಬಾ.’ ‘ನನಗೇನು ಹುಚ್ಚಾ? ಅರ್ಧ ದಾರೀಲಿ ನೀನು ಆರಿಸಿಬಿಟ್ರೆ?’

ಬ್ಯಾಟ್‌ಮನ್ ನಗುತ್ತಾನೆ. ಇಬ್ಬರೂ ನಗುತ್ತಾರೆ. ಅವನ ಕೈ ಜೋಕರನ ಕಡೆ ಚಾಚುತ್ತದೆ. ನಗು ನಿಲ್ಲುತ್ತದೆ. ಕೊಂದನೇ? ಓದುಗರು ಇನ್ನೂ ಜಗಳಾಡುತ್ತಲೇ ಇದ್ದಾರೆ. ನೀರಿನ ಮೇಲೆ ಒಂದು ಬೆಳಕಿನ ಗೆರೆ. ಮುಂದಿನ ಚೌಕದಲ್ಲಿ ಅದೂ ಇಲ್ಲ. ಹನಿ ಮಾತ್ರ ಬೀಳುತ್ತಿದೆ.